ನಾಳೆಯೂ ನಡೆಯುವುದರ ಮುಂದೆ ಕ್ಯಾಮೆರಾ

(ಬೆಂಗಳೂರಿನಲ್ಲಿ ಸಾಕ್ಷ್ಯಚಿತ್ರ ಮಾಡಲು ಹೊರಟಿರುವ ಕಿರಿಯರಿಗೆ ನೀಡಿದ ಉಪನ್ಯಾಸದ ಬರಹ ರೂಪ)

ಎಲ್ಲರಿಗೂ ನಮಸ್ಕಾರ.

ಬೆಂಗಳೂರಿನ ದಿನನಿತ್ಯದ ಬದುಕನ್ನು ಚಿತ್ರಿಸುತ್ತೇನೆ ಎಂದು ಹೊರಟವರಲ್ಲಿ ಬಹಳ ಮಂದಿ ಮೊದಲು ಕ್ಯಾಮೆರಾ ಎತ್ತಿಕೊಂಡು ಹೋಗುವುದು ಕರಗಕ್ಕೆ, ಇಲ್ಲವೇ ಬಸವನಗುಡಿಯ ಕಡಲೆಕಾಯಿ ಪರಿಷೆಗೆ. ಒಂದು ಚೈತ್ರದ ಹುಣ್ಣಿಮೆಗೆ, ಇನ್ನೊಂದು ಕಾರ್ತಿಕದ ಕೊನೆಯ ಸೋಮವಾರಕ್ಕೆ. ಅಲ್ಲಿ ಬಣ್ಣ, ಗದ್ದಲ, ಜನ ಎಲ್ಲವೂ ಸಿಗುತ್ತದೆ. ಎರಡನೇ ಅವಕಾಶ ಮಾತ್ರ ಸಿಗುವುದಿಲ್ಲ. ಫೋಕಸ್ ತಪ್ಪಿತೋ, ಮೈಕಿನ ಬ್ಯಾಟರಿ ಮುಗಿಯಿತೋ, ಮುಂದಿನ ವರ್ಷದವರೆಗೆ ಕಾಯಬೇಕು. ಅಲ್ಲದೆ ಹಬ್ಬದ ದಿನ ಊರು ತನ್ನನ್ನು ತಾನೇ ತೋರಿಸಿಕೊಳ್ಳುತ್ತಿರುತ್ತದೆ. ಅದನ್ನು ನೋಡಲು ನಿಮ್ಮ ಕಣ್ಣೇ ಬೇಕು ಎಂದೇನಿಲ್ಲ.

ದಿನನಿತ್ಯದ್ದರ ಗುಣವೇ ಬೇರೆ. ಅದು ನಾಳೆಯೂ ನಡೆಯುತ್ತದೆ. ಕಥಾಚಿತ್ರದವರು ರೀಟೇಕ್ ಕೇಳಬಹುದು, ನಟರು ಮತ್ತೆ ಮಾಡಿ ತೋರಿಸುತ್ತಾರೆ. ನಡೆಯುವುದನ್ನು ನಡೆಯುವಂತೆಯೇ ಹಿಡಿಯುವ ಅವಲೋಕನದ ದಾರಿ ಹಿಡಿದವರು ಯಾರನ್ನೂ "ಇನ್ನೊಂದು ಸಲ ಮಾಡಿ" ಎಂದು ಕೇಳುವ ಹಾಗಿಲ್ಲ. ಕೇಳಬೇಕಾಗಿಯೂ ಇಲ್ಲ, ಊರೇ ಇನ್ನೊಂದು ಸಲ ಮಾಡುತ್ತದೆ. ಯಾವ ಕೆಲಸ ಎಷ್ಟು ಹೊತ್ತಿಗೊಮ್ಮೆ ಮರಳಿ ಬರುತ್ತದೆ ಎಂದು ತಿಳಿದುಕೊಂಡು, ಅದು ಬರುವ ಮುಂಚೆಯೇ ಸರಿಯಾದ ಜಾಗದಲ್ಲಿ ನಿಂತಿರಬೇಕು. ಇವತ್ತಿನ ಮಾತೆಲ್ಲ ಇದರ ಸುತ್ತಲೇ.

ಸ್ವಲ್ಪ ಹಿನ್ನೆಲೆ. 1948ರಲ್ಲಿ ಶುರುವಾದ, ಕೇಂದ್ರ ಸರ್ಕಾರದ ಚಿತ್ರ ತಯಾರಿಕಾ ಸಂಸ್ಥೆ ಫಿಲ್ಮ್ಸ್ ಡಿವಿಷನ್ನಿನ ಸುದ್ದಿಚಿತ್ರಗಳು ಮುಖ್ಯಚಿತ್ರಕ್ಕೆ ಮುಂಚೆ ಥಿಯೇಟರುಗಳಲ್ಲಿ ಓಡುತ್ತಿದ್ದುದು ಹಿರಿಯರಿಗೆ ನೆನಪಿರುತ್ತದೆ. ಅಲ್ಲಿ ಚಿತ್ರಕ್ಕಿಂತ ವ್ಯಾಖ್ಯಾನದ ಧ್ವನಿಯದೇ ಯಜಮಾನಿಕೆ. ಅದಕ್ಕೊಂದು ತಾಂತ್ರಿಕ ಕಾರಣವೂ ಇತ್ತು: ಬೀದಿಗೆ ಒಯ್ದು ಚಿತ್ರದ ಜೊತೆಗೇ ಮಾತನ್ನೂ ಹಿಡಿಯಬಲ್ಲ ಹಗುರ ಸಲಕರಣೆ ಆಗ ಇರಲಿಲ್ಲ. 1960ರ ಸುಮಾರಿಗೆ ಅಮೆರಿಕ, ಫ್ರಾನ್ಸುಗಳಲ್ಲಿ ಹೆಗಲ ಮೇಲೆ ಇಟ್ಟುಕೊಳ್ಳಬಹುದಾದ 16 ಎಂಎಂ ಕ್ಯಾಮೆರಾ, ಅದರ ಜೊತೆಗೇ ಓಡುವ ಧ್ವನಿಮುದ್ರಣ ಯಂತ್ರ ಬಂದವು. ವ್ಯಾಖ್ಯಾನವಿಲ್ಲದೆ, ಸಂದರ್ಶನವಿಲ್ಲದೆ, ನಡೆದದ್ದನ್ನೇ ಜೋಡಿಸಿ ಚಿತ್ರ ಕಟ್ಟುವ ಪದ್ಧತಿ ಬೆಳೆದದ್ದು ಆಗ. ಆ ಕ್ಯಾಮೆರಾಕ್ಕೆ ಹಾಕುತ್ತಿದ್ದ 400 ಅಡಿಯ ಸುರುಳಿ ಸುಮಾರು 11 ನಿಮಿಷ ಓಡುತ್ತಿತ್ತು. ಹಾಗಾಗಿ ಬಟನ್ ಒತ್ತುವ ಮುಂಚೆ ಯೋಚಿಸಲೇಬೇಕಿತ್ತು. ಈಗ ಕಾರ್ಡು ಮುಗಿಯುವುದೇ ಇಲ್ಲ, ಯೋಚನೆ ಮಾತ್ರ ಮುಂಚೆಯೇ ಮುಗಿದುಹೋಗುತ್ತಿದೆ.

ಈಗ ಒಂದು ದರ್ಶಿನಿಯ ಒಳಗೆ ಹೋಗೋಣ. ಮೊದಲ ಎರಡು ಮೂರು ಬೆಳಗ್ಗೆ ಕ್ಯಾಮೆರಾ ಬೇಡ. ನೋಟ್‌ಬುಕ್ಕು, ಕೈಗಡಿಯಾರ ಸಾಕು. ಗಮನವಿಟ್ಟರೆ ಅಲ್ಲಿ ಒಂದರೊಳಗೊಂದು ನಾಲ್ಕು ಸುತ್ತು ಕಾಣುತ್ತವೆ. ಕಾಫಿ ಕೌಂಟರಿನದು ತೀರಾ ಚಿಕ್ಕದು. ಟೋಕನ್ ತೆಗೆದುಕೊಂಡು, ಡಿಕಾಕ್ಷನ್ ಸುರಿದು, ಹಾಲು ಹೊಯ್ದು, ಲೋಟ ಮುಂದಕ್ಕೆ ತಳ್ಳುವಷ್ಟರಲ್ಲಿ ಹತ್ತು ಹದಿನೈದು ಸೆಕೆಂಡು. ದೋಸೆ ಕಲ್ಲಿನದು ನಾಲ್ಕೈದು ನಿಮಿಷ. ಬೆಳಗಿನ ರಶ್ಶಿನದು ಸುಮಾರು ಎರಡು ಗಂಟೆ: ವಾರದ ದಿನ ಏಳೂವರೆಗೆ ಏರಿ ಒಂಬತ್ತೂವರೆಗೆ ಇಳಿಯುತ್ತದೆ, ಭಾನುವಾರ ಇದೇ ಅಲೆ ತಡವಾಗಿ ಏಳುತ್ತದೆ. ಕೊನೆಯದು ಹಾಲಿನ ಕ್ರೇಟ್ ಇಳಿಯುವುದರಿಂದ ರಾತ್ರಿ ನೆಲ ತೊಳೆಯುವವರೆಗಿನ ಪೂರಾ ದಿನ.

ಚಿತ್ರೀಕರಣದ ಯೋಜನೆ ಈ ಸುತ್ತುಗಳಿಂದಲೇ ಹುಟ್ಟಬೇಕು. ದೋಸೆ ಕಲ್ಲನ್ನೇ ನೋಡಿ. ನೀರು ಎರಚುವುದು, ಪೊರಕೆಯಿಂದ ಗುಡಿಸುವುದು, ಹಿಟ್ಟು ಹೊಯ್ದು ತಿರುವುವುದು, ತುಪ್ಪವೋ ಎಣ್ಣೆಯೋ ಬಿಡುವುದು, ಕೆಂಪು ಚಟ್ನಿ ಸವರುವುದು, ಪಲ್ಯ ಇಡುವುದು, ಮಡಚಿ ತಟ್ಟೆಗೆ ಹಾಕುವುದು. ಹೊಸಬರು ಮೊದಲ ಸುತ್ತಿನಲ್ಲೇ ಎಲ್ಲವನ್ನೂ ಹಿಡಿಯಲು ಹೋಗುತ್ತಾರೆ. ಕೈಯಿಂದ ಮುಖಕ್ಕೆ, ಮುಖದಿಂದ ತಟ್ಟೆಗೆ, ತಟ್ಟೆಯಿಂದ ಗಿರಾಕಿಗೆ ಕ್ಯಾಮೆರಾ ಓಡಾಡುತ್ತದೆ. ಎಡಿಟಿಂಗಿಗೆ ಕೂತಾಗ ಬರೀ ಓಡಾಟವೇ ಇರುತ್ತದೆ, ಕತ್ತರಿಸಲು ಒಂದು ಜಾಗವೂ ಇರುವುದಿಲ್ಲ. ಹಾಗೆ ಮಾಡಬೇಡಿ. ಒಂದು ಸುತ್ತಿಗೆ ಒಂದೇ ಕೋನ. ಮೊದಲ ಸುತ್ತು ಪೂರ್ತಿ ವೈಡ್, ಕಲ್ಲು, ಆಳು, ಕಾಯುತ್ತಿರುವವರು ಎಲ್ಲ ಕಾಣುವಂತೆ. ಎರಡನೆಯದರಲ್ಲಿ ಕೈ ಮಾತ್ರ. ಮೂರನೆಯದರಲ್ಲಿ ದೋಸೆ ಹಾಕುವವರ ಮುಖ, ಅವರು ಯಾವಾಗ ತಲೆ ಎತ್ತಿ ಸಾಲು ನೋಡುತ್ತಾರೆ ಎನ್ನುವುದು. ನಾಲ್ಕನೆಯದರಲ್ಲಿ ಟೋಕನ್ ಹಿಡಿದು ನಿಂತವರ ಕಣ್ಣು. ಐದನೆಯದರಲ್ಲಿ ತಟ್ಟೆ ಹೋಗುವ ದಾರಿ. ಅರ್ಧ ಗಂಟೆಯಲ್ಲಿ ಒಂದು ದೃಶ್ಯಕ್ಕೆ ಬೇಕಾದ ಎಲ್ಲ ಕೋನ ಕೈಯಲ್ಲಿರುತ್ತವೆ, ಯಾರಿಗೂ ಏನನ್ನೂ ಮತ್ತೆ ಮಾಡಲು ಹೇಳದೆ. ನೀರು ಎರಚಿದಾಗಿನ ಚುಂಯ್ ಸದ್ದು ಪ್ರತಿ ಸುತ್ತಿನ ತಲೆಗೂ ಇರುವುದರಿಂದ ಶಾಟ್‌ಗಳನ್ನು ಒಂದಕ್ಕೊಂದು ಹೊಂದಿಸುವ ಗುರುತೂ ಸಿಕ್ಕಂತಾಯಿತು.

ಶಾಟ್ ಹಿಡಿದ ಮೇಲೆ ಬಿಡಬೇಡಿ. ಕೆಲಸ ಮುಗಿದ ತಕ್ಷಣ ಕಟ್ ಮಾಡುವುದು ಎಲ್ಲರಿಗೂ ಬರುವ ಚಾಳಿ. ಕ್ರಿಯೆ ಶುರುವಾಗುವ ಮುಂಚೆ ಐದು ಸೆಕೆಂಡು, ಮುಗಿದ ಮೇಲೆ ಹತ್ತು ಸೆಕೆಂಡು ಮನಸ್ಸಿನಲ್ಲೇ ಎಣಿಸಿ. ತಟ್ಟೆ ಕೊಟ್ಟ ಮೇಲೆ ಮುಖದಲ್ಲಿ ಬರುವ ದಣಿವು, ಪಕ್ಕದವರಿಗೆ ಆಡುವ ಅರ್ಧ ಮಾತು ಇರುವುದು ಆ ಹತ್ತು ಸೆಕೆಂಡಿನಲ್ಲಿ. ಯಾರಾದರೂ ಫ್ರೇಮಿನಿಂದ ಹೊರಗೆ ನಡೆದರೆ ಹಿಂಬಾಲಿಸದೆ ಹೋಗಲು ಬಿಡಿ. ಖಾಲಿ ಫ್ರೇಮು ಸಂಕಲನಕಾರನಿಗೆ ಬಾಗಿಲಿದ್ದಂತೆ.

ಅಡುಗೆಮನೆಗೆ ಅದರದೇ ತೊಂದರೆಗಳಿವೆ. ತಂಪಾಗಿರುವ ಲೆನ್ಸನ್ನು ಹಬೆಗೆ ಒಯ್ದರೆ ಗಾಜು ಮಂಜಾಗುತ್ತದೆ. ಒರೆಸಿದಷ್ಟೂ ಮತ್ತೆ ಮಂಜು. ಲೆನ್ಸು ಒಳಗಿನ ಬಿಸಿಗೆ ಹೊಂದಿಕೊಳ್ಳುವವರೆಗೆ ಹತ್ತು ಹದಿನೈದು ನಿಮಿಷ ಕ್ಯಾಮೆರಾವನ್ನು ಚೀಲದಿಂದ ತೆಗೆದು ಅಡುಗೆಮನೆಯಲ್ಲೇ ಇಟ್ಟು ಕಾಯುವುದೇ ಮದ್ದು. ಎಣ್ಣೆಯ ಸೂಕ್ಷ್ಮ ಹನಿ ಗಾಳಿಯಲ್ಲೇ ಇರುವುದರಿಂದ ಲೆನ್ಸಿನ ಮುಂದೆ ಸಾದಾ ಯುವಿ ಫಿಲ್ಟರ್ ಇರಲಿ, ಅದನ್ನು ಗಂಟೆಗೊಮ್ಮೆ ಒರೆಸಿ. ಕಲ್ಲಿನ ನೇರ ಮೇಲೆ ಕ್ಯಾಮೆರಾ ಚಾಚಬೇಡಿ, ಬದಿಯಿಂದ ಹಿಡಿಯಿರಿ. ಸುತ್ತ ಸ್ಟೀಲು ಹೊಳೆಯುತ್ತಿರುತ್ತದೆ, ನೀವೇ ಅದರಲ್ಲಿ ಕಾಣುತ್ತೀರಿ. ಕಡು ಬಣ್ಣದ ಅಂಗಿ ಹಾಕಿಕೊಳ್ಳುವುದಕ್ಕೆ ಇದೊಂದು ಕಾರಣ. ದಿನವೂ ಅದೇ ಬಣ್ಣ ಹಾಕಿದರೆ ಕೆಲಸದವರ ಕಣ್ಣಿಗೆ ಬೇಗ ಹಳಬರಾಗುತ್ತೀರಿ ಎನ್ನುವುದು ಇನ್ನೊಂದು.

"ಎಲ್ಲರೂ ಕ್ಯಾಮೆರಾ ನೋಡುತ್ತಾರೆ, ಏನು ಮಾಡುವುದು?" ಇದು ಪ್ರತಿ ಸಭೆಯಲ್ಲೂ ಬರುವ ಪ್ರಶ್ನೆ. ಬಚ್ಚಿಟ್ಟುಕೊಳ್ಳುವುದು ಉತ್ತರವಲ್ಲ. ರಸ್ತೆಯಾಚೆಯಿಂದ 200 ಎಂಎಂ ಲೆನ್ಸಿನಲ್ಲಿ ಎಳೆದುಕೊಂಡರೆ ಯಾರೂ ನೋಡುವುದಿಲ್ಲ ನಿಜ, ಆದರೆ ಚಿತ್ರ ಕಳ್ಳನೋಟದಂತೆ ಕಾಣುತ್ತದೆ, ಮಾತೂ ಕೇಳಿಸುವುದಿಲ್ಲ. 24ರಿಂದ 35 ಎಂಎಂ ಒಳಗಿನ ಒಂದು ಲೆನ್ಸು ಹಾಕಿಕೊಂಡು, ಒಂದೂವರೆ ಮೀಟರ್ ದೂರದಲ್ಲಿ, ಎಲ್ಲರಿಗೂ ಕಾಣುವಂತೆ, ದಿನವೂ ಅದೇ ಕಂಬದ ಪಕ್ಕ ನಿಲ್ಲಿ. ಕ್ಯಾಮೆರಾ ಕಣ್ಣಿನ ಮಟ್ಟಕ್ಕೆ ಬೇಡ, ಎದೆಯ ಮಟ್ಟಕ್ಕಿರಲಿ. ಆಗ ನಿಮ್ಮ ಮುಖ ಅವರಿಗೆ ಕಾಣುತ್ತದೆ, ನೋಡಬೇಕೆನಿಸಿದವರು ಲೆನ್ಸನ್ನು ಬಿಟ್ಟು ನಿಮ್ಮನ್ನು ನೋಡುತ್ತಾರೆ. ಕೆಲಸದ ಒತ್ತಡ ಏರಿದಾಗ ಕ್ಯಾಮೆರಾ ತಾನಾಗಿ ಮರೆತುಹೋಗುತ್ತದೆ. ಹಾಗಾಗಿ ಮೊದಲ ದಿನಗಳಲ್ಲಿ ರಶ್ಶಿನ ಹೊತ್ತಿಗೇ ಹೋಗಿ, ಮಧ್ಯಾಹ್ನ ಮೂರರ ಬಿಡುವು ಆಮೇಲಿನ ದಿನಗಳಿಗಿರಲಿ.

ಕೃಷ್ಣರಾಜೇಂದ್ರ ಮಾರುಕಟ್ಟೆಯ ಬಗ್ಗೆಯೂ ಒಂದು ಮಾತು. ನಸುಕಿನ ಹೂವಿನ ವ್ಯಾಪಾರವನ್ನು ಮೇಲಂತಸ್ತಿನಿಂದ ಕೆಳಗೆ ನೋಡುವಂತೆ ತೆಗೆದ ಶಾಟ್ ಈಗ ಕ್ಯಾಲೆಂಡರಿಗೆ ಬಂದಾಗಿದೆ. ಸೇವಂತಿಗೆಯ ಹಳದಿ ರಾಶಿ, ಕನಕಾಂಬರದ ಕಿತ್ತಳೆ ರಾಶಿ, ನಡುವೆ ಚುಕ್ಕಿಗಳಂತೆ ತಲೆಗಳು. ಚೆಂದವಿದೆ, ಆದರೆ ವ್ಯಾಪಾರ ಹೇಗೆ ನಡೆಯುತ್ತದೆ ಎಂದು ಅದು ಏನನ್ನೂ ಹೇಳುವುದಿಲ್ಲ. ಕೆಳಗಿಳಿದು ಅಳತೆ ನೋಡಿ. ಕಟ್ಟಿದ ಹೂವನ್ನು ಮೊಳದಲ್ಲಿ ಅಳೆಯುವಾಗ ಮೊಣಕೈಯಿಂದ ಬೆರಳ ತುದಿಯವರೆಗಿನದು ಮಿಡ್ ಶಾಟಿನಲ್ಲಿ ಕೂರುತ್ತದೆ. ಅದೇ ಮಾರಿನಲ್ಲಿ ಅಳೆದರೆ ಎರಡೂ ತೋಳು ಚಾಚುತ್ತವೆ, ಬಿಗಿ ಫ್ರೇಮಿನಲ್ಲಿ ಎರಡೂ ಕೈ ಹೊರಗೆ ಹೋಗುತ್ತವೆ. ಕೊಳ್ಳುವವರು "ಸರಿಯಾಗಿ ಚಾಚಿ" ಎಂದು ತಕರಾರು ತೆಗೆಯುವುದೂ ಆ ತುದಿಯಲ್ಲೇ. ಫ್ರೇಮಿನ ಅಗಲವನ್ನು ನಿರ್ಧರಿಸಬೇಕಾದದ್ದು ಅಲ್ಲಿನ ಕೆಲಸ.

ಬೆಳಕಿಗೆ ಬರೋಣ. ನಮ್ಮ ಕರೆಂಟು 50 ಹರ್ಟ್ಸ್. ಟ್ಯೂಬ್‌ಲೈಟಿನ ಬೆಳಕು ಸೆಕೆಂಡಿಗೆ 100 ಸಲ ಏರಿಳಿಯುತ್ತದೆ. ಆದ್ದರಿಂದ ಸೆಕೆಂಡಿಗೆ 25 ಫ್ರೇಮು, ಶಟರ್ (ಒಂದು ಫ್ರೇಮಿಗೆ ಬೆಳಕು ಬೀಳುವ ಹೊತ್ತು) 1/50 ಸೆಕೆಂಡು, ಬೇಕಾದರೆ 1/100. ಫೋನುಗಳು ಸಾಮಾನ್ಯವಾಗಿ 30 ಫ್ರೇಮು, 1/60ಕ್ಕೆ ಹೋಗಿಬಿಡುತ್ತವೆ, ಆಗ ಗೋಡೆಯ ಮೇಲೆ ಪಟ್ಟೆ ಓಡುತ್ತದೆ. ಇದನ್ನು ಎಡಿಟಿಂಗಿನಲ್ಲಿ ಸರಿಪಡಿಸಬಹುದು ಎಂದು ಯಾರಾದರೂ ಹೇಳಿದರೆ ಆ ಕೆಲಸವನ್ನು ಅವರಿಗೇ ಕೊಟ್ಟುಬಿಡಿ. ಫೋನಿನದು ಇನ್ನೊಂದು ಕಾಟ: ಬೆಳಕು ಕಡಿಮೆಯಾದರೆ ಅದು ಫ್ರೇಮಿನ ವೇಗವನ್ನೇ ಬದಲಿಸಿಕೊಳ್ಳುತ್ತದೆ, ಬೇರೆ ರೆಕಾರ್ಡರಿನ ಧ್ವನಿ ಹತ್ತು ನಿಮಿಷದಲ್ಲಿ ತುಟಿಯಿಂದ ಜಾರುತ್ತದೆ. ವೇಗವನ್ನು ಸ್ಥಿರವಾಗಿಡುವ ಆ್ಯಪ್ ಹಾಕಿಕೊಳ್ಳಿ. ಬಸ್ಸಿನ ಎಲ್‌ಇಡಿ ಬೋರ್ಡು ಅರ್ಧ ಅಕ್ಷರಗಳಲ್ಲಿ ಕಂಡರೆ ಶಟರ್ ವೇಗ ಇಳಿಸಿ ನೋಡಿ. ಆ ದೀಪಗಳ ಮಿಣುಕು ಕರೆಂಟಿನ ಲೆಕ್ಕಕ್ಕೆ ಸಿಗುವುದಿಲ್ಲ.

ಹೊರಗೆ ಸುಡುಬಿಸಿಲಿನಲ್ಲಿ 1/50 ಶಟರಿಗೆ, ಐಎಸ್‌ಒ (ಬೆಳಕಿಗೆ ಕ್ಯಾಮೆರಾ ಸ್ಪಂದಿಸುವ ಮಟ್ಟ) 100ರಲ್ಲಿ, ಅಪರ್ಚರ್, ಅಂದರೆ ಲೆನ್ಸಿನ ಬಾಯಿ, ತೀರಾ ಕಿರಿದಾಗಿ ಎಫ್ 22ರ ಹತ್ತಿರ ಹೋಗುತ್ತದೆ. ಅದನ್ನು ಅಗಲಿಸಿ ಎಫ್ 5.6ಕ್ಕೆ ತರಬೇಕಾದರೆ ಬೆಳಕನ್ನು ನಾಲ್ಕು ಸ್ಟಾಪ್ ಕಡಿಮೆ ಮಾಡಬೇಕು (ಒಂದು ಸ್ಟಾಪ್ ಇಳಿಸಿದರೆ ಬೆಳಕು ಅರ್ಧವಾಗುತ್ತದೆ), ಅಂದರೆ ಬೆಳಕನ್ನು ತಡೆಯುವ ಬೂದು ಗಾಜು, 16ರ ಎನ್‌ಡಿ ಫಿಲ್ಟರ್. ಮೂಲ ಐಎಸ್‌ಒ 800 ಇರುವ ಕ್ಯಾಮೆರಾ ಆದರೆ ಇನ್ನೂ ಮೂರು ಸ್ಟಾಪ್, ಅಂದರೆ 128ರದು. ಫಿಲ್ಟರ್ ಇಲ್ಲವೆಂದು ಶಟರನ್ನು 1/1000ಕ್ಕೆ ಏರಿಸಿದರೆ ನಡೆಯುವವರು ಬೊಂಬೆಗಳಂತೆ ಕಡಿದು ಕಡಿದು ನಡೆಯುತ್ತಾರೆ. ಬಿಳಿ ಬಿಳಿಯಾಗಿಯೇ ಕಾಣುವಂತೆ ಬಣ್ಣ ಹೊಂದಿಸುವ ವೈಟ್ ಬ್ಯಾಲೆನ್ಸನ್ನು ಕ್ಯಾಮೆರಾ ತಾನಾಗಿ ಬದಲಿಸಿಕೊಳ್ಳಲು ಬಿಡಬೇಡಿ. ನೀಲಿ ಬಸ್ಸೊಂದು ಮುಂದೆ ಹಾದರೆ ಸಾಕು, ಅಷ್ಟು ಹೊತ್ತು ಎಲ್ಲರ ಮುಖದ ಬಣ್ಣ ಬದಲಾಗುತ್ತದೆ.

ಬೆಂಗಳೂರು ಇರುವುದು 13 ಡಿಗ್ರಿ ಉತ್ತರ ಅಕ್ಷಾಂಶದಲ್ಲಿ. ಏಪ್ರಿಲ್ 24 ಮತ್ತು ಆಗಸ್ಟ್ 18ರ ಆಸುಪಾಸು ಸೂರ್ಯ ನಡುಹಗಲು ನೆತ್ತಿಯ ಮೇಲೆಯೇ ಬರುತ್ತಾನೆ, ನೆಟ್ಟ ಕೋಲಿಗೆ ನೆರಳೇ ಇರುವುದಿಲ್ಲ. ನಮ್ಮ ನಡುಹಗಲು ಗಡಿಯಾರದ ಹನ್ನೆರಡಕ್ಕಲ್ಲ, 12.20ರ ಸುಮಾರಿಗೆ. ಆ ಬೇಸಗೆಯಲ್ಲಿ ಹನ್ನೊಂದರಿಂದ ಎರಡರವರೆಗೆ ಕಣ್ಣಿನ ಕೆಳಗೆ ಕಪ್ಪು ಗುಳಿ ಬೀಳುತ್ತದೆ. ಮರದಡಿ, ಮೇಲ್ಸೇತುವೆಯಡಿ, ಅಂಗಡಿಯ ಶೀಟಿನಡಿ ನಡೆಯುವ ಕೆಲಸಗಳನ್ನು ಆ ಹೊತ್ತಿಗಿಟ್ಟುಕೊಳ್ಳಿ. ಮುಂಗಾರಿನ ಮೋಡ ಮುಸುಕಿದ ದಿನಗಳನ್ನು ಹಲವರು ಮಂಕೆಂದು ಬಿಡುತ್ತಾರೆ. ನನ್ನ ಮಟ್ಟಿಗೆ ಜೂನ್–ಜುಲೈ ಈ ಊರಿನ ಅತ್ಯುತ್ತಮ ಚಿತ್ರೀಕರಣದ ಕಾಲ: ಬೆಳಗ್ಗೆ ಎಂಟಕ್ಕೆ ತೆಗೆದದ್ದೂ ಮಧ್ಯಾಹ್ನ ಮೂರಕ್ಕೆ ತೆಗೆದದ್ದೂ ಒಂದೇ ದೃಶ್ಯದಲ್ಲಿ ಕೂರುತ್ತವೆ.

ಚಿತ್ರ ಕೆಟ್ಟಿದ್ದರೂ ಜನ ನೋಡುತ್ತಾರೆ, ಧ್ವನಿ ಕೆಟ್ಟಿದ್ದರೆ ಎದ್ದು ಹೋಗುತ್ತಾರೆ. ಇಬ್ಬರೇ ಇದ್ದರೆ ನಿರ್ದೇಶಕರು ಮೈಕನ್ನೇ ಹಿಡಿಯುವುದು ಒಳ್ಳೆಯದು. ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್ ಕ್ಯಾಮೆರಾವನ್ನು ಛಾಯಾಗ್ರಾಹಕನಿಗೆ ಬಿಟ್ಟು ಧ್ವನಿಮುದ್ರಣವನ್ನು ತಾವೇ ಮಾಡುತ್ತಿದ್ದರು. ಕಿವಿಗೆ ಹೆಡ್‌ಫೋನ್ ಹಾಕಿಕೊಂಡವರಿಗೆ ಮುಂದಿನ ಘಟನೆ ಕಣ್ಣಿಗಿಂತ ಮೊದಲು ಗೊತ್ತಾಗುತ್ತದೆ. ಸಾಲಿನ ಹಿಂದೆ ಜಗಳದ ಮೊದಲ ಮಾತು ಎದ್ದದ್ದು ಅವರಿಗೇ ಕೇಳುವುದು.

ಉದ್ದನೆಯ ಶಾಟ್‌ಗನ್ ಮೈಕು ಬಯಲಿಗೆ ಸರಿ. ಟೈಲ್ಸ್ ಹಾಕಿದ ದರ್ಶಿನಿಯೊಳಗೆ ಅದು ಗೋಡೆಯಿಂದ ಮರಳಿ ಬರುವ ಸದ್ದನ್ನೂ ಎಳೆದುಕೊಂಡು ಡಬ್ಬಿಯೊಳಗಿನಂತೆ ಕೇಳಿಸುತ್ತದೆ. ಅಲ್ಲಿಗೆ ಹೈಪರ್‌ಕಾರ್ಡಿಯಾಯ್ಡ್, ಅಂದರೆ ಮುಂದಿನ ಸದ್ದನ್ನೇ ಹೆಚ್ಚು ಹಿಡಿಯುವ ಗಿಡ್ಡ ಮೈಕು, ವಾಸಿ. ಮುಖ್ಯ ವ್ಯಕ್ತಿಗೆ ಕೊರಳ ಮೈಕು ಹಾಕುವುದಾದರೆ ಗಲ್ಲದಿಂದ ಒಂದು ಗೇಣು ಕೆಳಗೆ. 2.4 ಗಿಗಾಹರ್ಟ್ಸಿನ ಅಗ್ಗದ ವೈರ್‌ಲೆಸ್ ಸೆಟ್ಟುಗಳು ಮೆಜೆಸ್ಟಿಕ್ಕಿನಂಥ ಕಡೆ ವೈಫೈ, ಬ್ಲೂಟೂತ್‌ಗಳ ಗುಂಪಿನಲ್ಲಿ ಕಡಿದು ಕಡಿದು ಬರುತ್ತವೆ. ಅಂಥಲ್ಲಿ ಚಿಕ್ಕ ರೆಕಾರ್ಡರನ್ನೇ ಅವರ ಜೇಬಿಗೆ ಹಾಕಿಬಿಡಿ. ರೆಕಾರ್ಡರಿನ ಸೆಟ್ಟಿಂಗ್ 48 ಕಿಲೋಹರ್ಟ್ಸ್, 24 ಬಿಟ್, ಮಾತಿನ ಏರು ಮೈನಸ್ 12 ಡೆಸಿಬೆಲ್ ದಾಟದಂತೆ. ಜಾಗ ಬಿಡುವ ಮುಂಚೆ ಒಂದೆರಡು ನಿಮಿಷ ಆ ಜಾಗದ ಬರೀ ಸದ್ದನ್ನು ಹಿಡಿದುಕೊಳ್ಳಿ. ಒಂದೇ ಸಲ ಸಾಲದು, ಬೆಳಗಿನ ಮಾರ್ಕೆಟ್ಟಿನ ಗುಂಯ್ಗುಡುವಿಕೆಯೇ ಬೇರೆ, ಹನ್ನೊಂದರದ್ದೇ ಬೇರೆ.

ಹಾಡು ಈ ಊರಿನಲ್ಲಿ ದೊಡ್ಡ ತೊಡಕು. ಆಟೋದಲ್ಲಿ ಎಫ್‌ಎಂ, ಅಂಗಡಿಯಲ್ಲಿ ಭಕ್ತಿಗೀತೆ, ತರಕಾರಿ ಗಾಡಿಯಲ್ಲಿ ಧ್ವನಿವರ್ಧಕ. ಸಿನಿಮಾ ಹಾಡು ಹಿಂದೆ ಓಡುತ್ತಿದ್ದರೆ ಎರಡು ಶಾಟ್ ಜೋಡಿಸಿದಾಗ ಹಾಡು ಪಲ್ಲವಿಯಿಂದ ಚರಣಕ್ಕೆ ಹಾರುತ್ತದೆ, ಮೇಲೆ ಹಕ್ಕುಸ್ವಾಮ್ಯದ ಲೆಕ್ಕ ಬೇರೆ. ರೇಡಿಯೋ ಸ್ವಲ್ಪ ಆರಿಸಿ ಎಂದು ಕೇಳಬಹುದೇ? ಶುದ್ಧವಾದಿಗಳು ಒಪ್ಪುವುದಿಲ್ಲ. ಕೇಳಬಹುದು ಎನ್ನುವ ಪಕ್ಷ ನನ್ನದು: ಸದ್ದು ಕಡಿಮೆ ಮಾಡಿಸುವುದು ಬೇರೆ, ಮಾಡಿದ ಕೆಲಸವನ್ನು ಮತ್ತೆ ಮಾಡಿಸುವುದು ಬೇರೆ. ಮೆಟ್ರೋ, ಬಸ್ಸುಗಳ ಪ್ರಕಟಣೆಯೂ ಇದೇ ಜಾತಿಯ ತೊಡಕು. ಮುಂದಿನ ನಿಲ್ದಾಣದ ಹೆಸರು ಶಾಟಿನೊಳಗೆ ಕೇಳಿಬಿಟ್ಟರೆ ಅದನ್ನು ಹಿಂದೆ ಮುಂದೆ ಮಾಡುವ ಹಾಗಿಲ್ಲ. ಇಂದಿರಾನಗರ ಆದ ಮೇಲೆ ಹಲಸೂರೋ, ಸ್ವಾಮಿ ವಿವೇಕಾನಂದ ರಸ್ತೆಯೋ ಎನ್ನುವುದು ನೇರಳೆ ಮಾರ್ಗದಲ್ಲಿ ಓಡಾಡುವ ಎಲ್ಲರಿಗೂ ಗೊತ್ತು.

ಅನುಮತಿಯ ವಿಷಯ. ಮೆಟ್ರೋ, ರೈಲು ನಿಲ್ದಾಣ, ತೋಟಗಾರಿಕೆ ಇಲಾಖೆಯ ಕೈಯಲ್ಲಿರುವ ಲಾಲ್‌ಬಾಗು, ಕಬ್ಬನ್ ಪಾರ್ಕು, ಇಲ್ಲೆಲ್ಲ ಮುಂಚಿತವಾಗಿ ಬರಹದ ಒಪ್ಪಿಗೆ ಬೇಕು. ಅದು ಕಾಗದದ ಕೆಲಸ, ಮಾಡಿ ಮುಗಿಸಬಹುದು. ಜನರ ಒಪ್ಪಿಗೆ ಅದಕ್ಕಿಂತ ಕಷ್ಟ. ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ ಅವರು ಅರ್ಜಿದಾರರಾಗಿದ್ದ ಪ್ರಕರಣದಲ್ಲಿ ಸುಪ್ರೀಂ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳ ಪೀಠ 2017ರ ಆಗಸ್ಟ್ 24ರಂದು ಖಾಸಗಿತನ ಮೂಲಭೂತ ಹಕ್ಕು ಎಂದು ತೀರ್ಪು ಕೊಟ್ಟಿತು. ಬೀದಿಯಲ್ಲಿ ನಿಂತವರೆಲ್ಲ ನಿಮ್ಮ ಚಿತ್ರಕ್ಕೆ ಸಲ್ಲುತ್ತಾರೆ ಎಂದುಕೊಳ್ಳುವ ಹಾಗಿಲ್ಲ. ಹೋಟೆಲಿನ ಮಾಲೀಕರು ಹೂಂ ಎಂದರೆ ಕೆಲಸದವರು ಹೂಂ ಎಂದಂತಾಗಲಿಲ್ಲ. ಕುಂದಾಪುರದ ಕಡೆಯವರೂ ಇರುತ್ತಾರೆ, ಒಡಿಶಾ, ಅಸ್ಸಾಮಿನ ಕಡೆಯವರೂ ಇರುತ್ತಾರೆ. ಓದಲು ಬಾರದ ಭಾಷೆಯ ಕಾಗದಕ್ಕೆ ಹಾಕಿಸಿದ ಸಹಿಗೆ ಬೆಲೆಯಿಲ್ಲ. ಅವರವರ ಭಾಷೆಯಲ್ಲಿ ವಿವರಿಸಿ, ಒಪ್ಪಿಗೆಯನ್ನು ಕ್ಯಾಮೆರಾದಲ್ಲೇ ಹಿಡಿದಿಡಿ, ರಫ್ ಕಟ್ (ಚಿತ್ರದ ಮೊದಲ ಕರಡು ಜೋಡಣೆ) ತೋರಿಸಿದ ಮೇಲೆ ಸಹಿ ಕೇಳಿ. ಮೇಸ್ತ್ರಿಯ ಎದುರು ಪೌರಕಾರ್ಮಿಕರ ಒಪ್ಪಿಗೆ ಕೇಳುವುದಂತೂ ಅನ್ಯಾಯ, ಅವರು ಬೇಡ ಎನ್ನುವ ಸ್ಥಿತಿಯಲ್ಲೇ ಇರುವುದಿಲ್ಲ.

ದಿನದ ಕೊನೆಯ ಕೆಲಸ ಲೆಕ್ಕದ್ದು. ಸೆಕೆಂಡಿಗೆ 100 ಮೆಗಾಬಿಟ್‌ನಲ್ಲಿ ಚಿತ್ರೀಕರಿಸಿದರೆ ಒಂದು ಗಂಟೆಗೆ 45 ಜಿಬಿ. ದಿನಕ್ಕೆ ಎರಡು ಗಂಟೆಯಂತೆ ಇಪ್ಪತ್ತು ದಿನಕ್ಕೆ 1.8 ಟಿಬಿ. ಎರಡು ಪ್ರತಿ ಬೇಕೇ ಬೇಕು, ಮೂರನೆಯದು ಬೇರೆ ಮನೆಯಲ್ಲಿ. ಎರಡೂ ಪ್ರತಿಯನ್ನು ತೆರೆದು ನೋಡುವವರೆಗೆ ಕಾರ್ಡು ಅಳಿಸಬೇಡಿ. ಅದೇ ರಾತ್ರಿ ಪಟ್ಟಿ ಬರೆಯಿರಿ: ಸಮಯ, ಯಾರು, ಯಾವ ಸುತ್ತಿನ ಯಾವ ಹಂತ, ಯಾವ ಭಾಷೆ, ಹಿನ್ನೆಲೆ ಸದ್ದು. ಭಾಷೆಯ ಕಾಲಂ ಯಾಕೆಂದರೆ ಇಲ್ಲಿ ಒಂದು ವ್ಯಾಪಾರ ಕನ್ನಡದಲ್ಲಿ ಶುರುವಾಗಿ, ತಮಿಳಿನಲ್ಲಿ ಚೌಕಾಸಿಯಾಗಿ, ದಖನಿ ಉರ್ದುವಿನಲ್ಲಿ ಮುಗಿಯಬಹುದು. ಯಾವುದನ್ನು ಯಾರಿಂದ ಬರೆಸಬೇಕು ಎಂದು ಮೊದಲೇ ಗೊತ್ತಿರಬೇಕು.

ಇಪ್ಪತ್ತು ಬೆಳಗಿನ ಚಿತ್ರದಿಂದ ಒಂದೇ ಬೆಳಗು ಕಟ್ಟುವಾಗ ಸಾಕ್ಷಿ ಹೇಳುವ ಸಣ್ಣಪುಟ್ಟ ವಸ್ತುಗಳಿರುತ್ತವೆ. ಗೋಡೆಯ ಹರಿಯುವ ಕ್ಯಾಲೆಂಡರಿನ ತಾರೀಖು, ದೇವರ ಪಟದ ಹೂವು, ಕೌಂಟರಿನ ಮೇಲಿನ ಪೇಪರಿನ ತಲೆಬರಹ, ಒದ್ದೆ ನೆಲ, ಅಂಗಿಯ ಬಣ್ಣ. ಚಿತ್ರೀಕರಣದಲ್ಲೇ ಕ್ಯಾಲೆಂಡರನ್ನು ಫ್ರೇಮಿನಿಂದ ಹೊರಗಿಡಿ. ಹೀಗೆ ದಿನಗಳನ್ನು ಬೆರೆಸುವುದು ಮೋಸವೇ? ದೋಸೆಯ ಕೈ ಸೋಮವಾರದ್ದು, ತಟ್ಟೆ ಗುರುವಾರದ್ದು ಆದರೆ ಯಾರಿಗೂ ಸುಳ್ಳು ಹೇಳಿದಂತಾಗುವುದಿಲ್ಲ, ಎರಡೂ ದಿನ ಅದೇ ಕೆಲಸ ಅದೇ ಕ್ರಮದಲ್ಲಿ ನಡೆದಿದೆ. ಸೋಮವಾರ ಕ್ಯಾಷಿಯರ್ ಸಿಡುಕಿದ ಮುಖವನ್ನು ಗುರುವಾರ ಚಿಲ್ಲರೆ ಕೇಳಿದ ಮುದುಕರ ಮಾತಿಗೆ ಅಂಟಿಸಿದರೆ ಅದು ಸುಳ್ಳು. ಕೆಲಸವನ್ನು ಬೆರೆಸಬಹುದು, ಕಾರಣ–ಪರಿಣಾಮವನ್ನು ಬೆರೆಸಬಾರದು. ಈ ಗೆರೆಯನ್ನು ಸಂಕಲನಕಾರರಿಗೆ ಮೊದಲ ದಿನವೇ ಹೇಳಿ, ಆಮೇಲೆ ಹೇಳಿದರೆ ಅವರು ಆಗಲೇ ಆ ಕಟ್‌ನ ಮೋಹಕ್ಕೆ ಬಿದ್ದಿರುತ್ತಾರೆ.

ಮೊದಲ ಚಿತ್ರಕ್ಕೆ ಏನು ಆರಿಸಿಕೊಳ್ಳಬೇಕು ಎಂದು ಕೇಳಿದರೆ ನನ್ನ ಸಲಹೆ ಮರದಡಿಯ ಇಸ್ತ್ರಿ ಗಾಡಿ. ಒಂದೇ ಜಾಗ, ನೆರಳು, ಸದ್ದು ಕಡಿಮೆ, ಬರುವವರು ಹೋಗುವವರು ತಾವಾಗಿ ಬರುತ್ತಾರೆ. ಇದ್ದಿಲು ಹೊತ್ತಿಸುವುದು, ಪೆಟ್ಟಿಗೆ ಕಾಯುವುದು, ನೀರು ಚಿಮುಕಿಸುವುದು, ಮಡಚುವುದು, ಗಂಟು ಕಟ್ಟಿ ಮನೆಗಳಿಗೆ ತಲುಪಿಸುವುದು, ಸುತ್ತು ಸ್ಪಷ್ಟವಾಗಿದೆ. ಹಲವರು ಈಗ ಗ್ಯಾಸಿನ ಪೆಟ್ಟಿಗೆಗೆ ಬದಲಾಗಿದ್ದಾರೆ. ಅಲ್ಲಿ ಕಾಯುವ ಹೊತ್ತು ಕಡಿಮೆ, ಹಾಗಾಗಿ ಮಾತೂ ಕಡಿಮೆ. ಗಾಡಿ ಆರಿಸುವಾಗ ಇದು ಲೆಕ್ಕದಲ್ಲಿರಲಿ.

ಕಟ್ ಸಿದ್ಧವಾದ ಮೇಲೆ ಚಿತ್ರೋತ್ಸವಕ್ಕೆ ಕಳಿಸುವ ಮುಂಚೆ ಚಿತ್ರದಲ್ಲಿರುವವರಿಗೆ ತೋರಿಸಿ. ದರ್ಶಿನಿಯವರಿಗಾದರೆ ಮಧ್ಯಾಹ್ನ ಮೂರರಿಂದ ನಾಲ್ಕರ ನಡುವೆ. ಚೆನ್ನಾಗಿದೆಯೇ ಎಂದು ಕೇಳಬೇಡಿ, ಸುಮ್ಮನೆ ಚೆನ್ನಾಗಿದೆ ಎನ್ನುತ್ತಾರೆ. ಎಲ್ಲಿ ತಪ್ಪಿದೆ ಎಂದು ಕೇಳಿ. ಪೊರಕೆ ಆಡಿಸುವ ಮುಂಚೆಯೇ ಹಿಟ್ಟು ಬಿದ್ದಿದೆ, ಈ ಚಟ್ನಿ ಬೆಳಗಿನದಲ್ಲ ಎಂದು ಹಿಡಿಯಬಲ್ಲವರು ಅವರೇ. ಆ ತಿದ್ದುಪಡಿ ಆದ ಮೇಲೆಯೇ ಪಿಕ್ಚರ್ ಲಾಕ್ ಮಾಡಿ, ಅಂದರೆ ಚಿತ್ರದ ಜೋಡಣೆಯನ್ನು ಇನ್ನು ಬದಲಿಸುವುದಿಲ್ಲ ಎಂದು ನಿಲ್ಲಿಸಿ. ಧ್ವನಿ ಮಿಶ್ರಣಕ್ಕೆ ಹೋದ ಮೇಲೆ ಮೂರು ಫ್ರೇಮು ತೆಗೆಯಬೇಕೆಂದರೂ ಎಲ್ಲ ಟ್ರ್ಯಾಕುಗಳನ್ನು ಮತ್ತೆ ಹೊಂದಿಸಬೇಕಾಗುತ್ತದೆ, ಸ್ಟುಡಿಯೋದವರು ಗಂಟೆಯ ಲೆಕ್ಕದಲ್ಲಿ ಬಿಲ್ ಹಾಕುತ್ತಾರೆ.